ಡಿಸ್ಕ್ ಕೆಟ್ಟಿದೆಯೋ, ಮಷೀನ್ ಕೆಟ್ಟಿದೆಯೋ? ಹಳೆ ಪಿಎಸ್ 2 ಇಟ್ಟುಕೊಂಡವರ ಪ್ರಶ್ನೆಗಳಿಗೆ ಉತ್ತರ

ಹಳೆ ಗೇಮ್ ಮಷೀನ್ ಇನ್ನೂ ಮನೇಲಿ ಇಟ್ಟುಕೊಂಡವರು ಯಾರಾದರೂ ಇದ್ದೀರಾ ಅಂತ ಕಳೆದ ಸಂಚಿಕೆಯಲ್ಲಿ ಕೇಳಿದ್ದೆ. ಬಂದ ಪತ್ರ ನೋಡಿದರೆ ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿ ಕಡೆಯ ಅಟ್ಟಗಳಲ್ಲೆಲ್ಲ ಪ್ಲೇಸ್ಟೇಷನ್ 2 (ಪಿಎಸ್ 2) ಮಲಗಿದ ಹಾಗಿದೆ. ಆಶ್ಚರ್ಯವೇನಿಲ್ಲ ಬಿಡಿ. 2000ರಲ್ಲಿ ಬಂದ ಮಷೀನ್, 2013ರ ಹೊತ್ತಿಗೆ ತಯಾರಿಕೆ ನಿಂತಿತು, ಅಷ್ಟರೊಳಗೆ ಜಗತ್ತಿನಾದ್ಯಂತ 15 ಕೋಟಿಗೂ ಜಾಸ್ತಿ ಮಾರಾಟವಾಗಿತ್ತು. ಅಂದರೆ ನಿಮ್ಮ ಹತ್ತಿರ ಇರೋದು ಎಷ್ಟೇ 'ಹೊಸದು' ಅಂದರೂ ಅದಕ್ಕೆ ಹತ್ತು ವರ್ಷ ದಾಟಿದೆ. ಹೆಚ್ಚಿನವರ ದೂರು ಒಂದೇ: ಡಿಸ್ಕ್ ಓದುತ್ತಿಲ್ಲ. ಲೆನ್ಸ್ ಬದಲಾಯಿಸಿಬಿಡಲಾ ಅಂತ ಕೇಳಿದವರೇ ಜಾಸ್ತಿ. ತಡೀರಿ. ತಪ್ಪು ಯಾರದು ಅಂತ ಮೊದಲು ಗೊತ್ತಾಗಲಿ, ಜೇಬಿಗೆ ಕೈ ಹಾಕೋದು ಆಮೇಲೆ.

ವಿದ್ಯಾನಗರ, ಹುಬ್ಬಳ್ಳಿಯಿಂದ ಒಬ್ಬ ಓದುಗರು: ಸರ್, ನನ್ನದು ತೆಳ್ಳಗಿನ ಪಿಎಸ್ 2. ಕಾಲೇಜಿನಲ್ಲಿದ್ದಾಗ ಆಡಿದ್ದು, ಈಗ ಅಣ್ಣನ ಮಗ ಕೇಳಿದ ಅಂತ ಹೊರಗೆ ತೆಗೆದೆ. ಬೆಳ್ಳಿ ಬಣ್ಣದ ಡಿಸ್ಕ್ ಎಲ್ಲಾ ಓಡುತ್ತವೆ. ಆದರೆ ಕೆಳಗಡೆ ನೀಲಿ ಇರೋ ಎರಡು ಡಿಸ್ಕ್ ಹಾಕಿದರೆ ಸುಮ್ನೆ ಗಿರ್ರ್ ಅಂತ ತಿರುಗಿ ನಿಂತುಬಿಡುತ್ತದೆ. ಡಿಸ್ಕ್ ನೋಡಿದರೆ ಒಂದು ಗೀರೂ ಇಲ್ಲ. ಲೆನ್ಸ್ ಹೋಗಿದ್ದರೆ ಎಲ್ಲವೂ ನಿಲ್ಲಬೇಕಿತ್ತು ಅಲ್ವಾ?

ಎಲ್ಲವೂ ನಿಲ್ಲಬೇಕಂತಿಲ್ಲ. ಈ ಮಷೀನಿನಲ್ಲಿ ಲೆನ್ಸ್ ಒಂದೇ ಕಂಡರೂ ಅದರ ಕೆಳಗೆ ಎರಡು ಬೇರೆ ಬೇರೆ ಲೇಸರ್ ಇವೆ. ನೀಲಿ ತಳದ ಡಿಸ್ಕ್ ಅಂದರೆ ಸಿಡಿ. ಅದನ್ನು ಓದೋದು 780 ನ್ಯಾನೋಮೀಟರ್ ಲೇಸರ್. ಬೆಳ್ಳಿ ತಳದ್ದು ಡಿವಿಡಿ, ಅದಕ್ಕೆ 650 ನ್ಯಾನೋಮೀಟರ್‌ದು. ಒಂದು ಸೊರಗಿದರೂ ಇನ್ನೊಂದು ಗಟ್ಟಿಯಾಗಿಯೇ ಇರಬಹುದು. ಹಾಗಾಗಿ 'ಕೆಲವು ಡಿಸ್ಕ್ ಓದುತ್ತೆ, ಕೆಲವು ಇಲ್ಲ' ಅಂದಾಗ ಯಾವುದು ಓದುತ್ತೆ, ಯಾವುದು ಇಲ್ಲ ಅನ್ನೋದೇ ಮುಖ್ಯ.

ಹೀಗೆ ಮಾಡಿ. ಮೂರು ಥರದ ಡಿಸ್ಕ್ ಒಟ್ಟು ಮಾಡಿ. ಒಂದು ನೀಲಿ ತಳದ್ದು, ಒಂದು ಬೆಳ್ಳಿ ತಳದ್ದು, ಸಿಕ್ಕರೆ ಹಳೆ ಪಿಎಸ್ 1ರ ಕಪ್ಪು ತಳದ್ದು. ಕಪ್ಪೂ ಸಿಡಿಯೇ, ಪಿಎಸ್ 2 ಅದನ್ನೂ ಓಡಿಸುತ್ತದೆ. ಮೂರೂ ಕಂಪನಿ ಡಿಸ್ಕ್ ಆಗಿರಬೇಕು, ಕಾಪಿ ಮಾಡಿದ್ದು ಬೇಡ, ಯಾಕೆ ಅಂತ ಮುಂದೆ ಹೇಳುತ್ತೇನೆ. ನೀಲಿ, ಕಪ್ಪು ಎರಡೂ ನಿಂತು ಬೆಳ್ಳಿ ಮಾತ್ರ ಓಡಿದರೆ ಸಿಡಿ ಲೇಸರ್ ಮೇಲೆ ಅನುಮಾನ. ಕಪ್ಪು ಓಡಿ ನಿಮ್ಮ ಎರಡು ನೀಲಿ ಮಾತ್ರ ನಿಂತರೆ ಡಿಸ್ಕ್ ಮೇಲೇ ಅನುಮಾನ, ಗೆಳೆಯರ ಮನೆಯ ಮಷೀನಿನಲ್ಲಿ ಒಮ್ಮೆ ಹಾಕಿ ನೋಡಿ. ಎಲ್ಲವೂ ಒಂದೊಂದು ಸಲ ಓಡಿ ಒಂದೊಂದು ಸಲ ನಿಂತರೆ ಬಹುಶಃ ಧೂಳು.

ಗೀರಿಲ್ಲ ಅಂದಿರಿ, ಕೆಳಗಡೆ ಮಾತ್ರ ನೋಡಿರಬೇಕು. ಸಿಡಿಯಲ್ಲಿ ಮಾಹಿತಿ ಇರೋ ಪದರ ಚಿತ್ರ ಮುದ್ರಿಸಿದ ಬದಿಗೆ ತೀರಾ ಹತ್ತಿರ ಇರುತ್ತದೆ. 1.2 ಮಿಲಿಮೀಟರ್ ದಪ್ಪದ ಪ್ಲಾಸ್ಟಿಕ್ ಪೂರ್ತಿ ಅದರ ಕೆಳಗಿದೆ, ಮೇಲ್ಗಡೆ ಬರೀ ಬಣ್ಣ ಮತ್ತು ತೆಳು ವಾರ್ನಿಷ್. ಹಾಗಾಗಿ ಮೇಲ್ಗಡೆ ಬಾಲ್ ಪೆನ್ನಿನಲ್ಲಿ ಒತ್ತಿ ಹೆಸರು ಬರೆದಿದ್ದರೂ ಸಾಕು, ಡಿಸ್ಕ್ ಹಾಳು. ಡಿಸ್ಕನ್ನು ಟ್ಯೂಬ್‌ಲೈಟಿಗೆ ಅಡ್ಡ ಹಿಡಿದು ನೋಡಿ. ಸೂಜಿಮೊನೆಯಷ್ಟು ಬೆಳಕು ಚುಕ್ಕಿಚುಕ್ಕಿಯಾಗಿ ತೂರಿ ಬಂದರೆ ಆ ಜಾಗದಲ್ಲಿ ಪದರವೇ ಕಿತ್ತುಹೋಗಿದೆ. ಅದಕ್ಕೆ ಯಾವ ಔಷಧಿಯೂ ಇಲ್ಲ. ಡಿವಿಡಿಗೆ ಈ ಭಯ ಕಡಿಮೆ. ಅದು 0.6 ಮಿಲಿಮೀಟರಿನ ಎರಡು ಬಿಲ್ಲೆ ಅಂಟಿಸಿದ್ದು, ಮಾಹಿತಿ ನಡುವೆ ಕೂತಿರುತ್ತದೆ.

ಬ್ಯಾಡಗಿಯಿಂದ: ನಮ್ಮದು ಮೆಣಸಿನಕಾಯಿ ವ್ಯಾಪಾರ. ಮನೆ ಕೆಳಗೇ ಗೋದಾಮು. ಸೀಸನ್‌ನಲ್ಲಿ ಧೂಳು ಎಲ್ಲಿ ಹೋಗುತ್ತೆ ಎಲ್ಲಿ ಇಲ್ಲ ಹೇಳೋಕಾಗಲ್ಲ. ಗೇಮ್ ಹಾಕಿದರೆ ಹತ್ತು ನಿಮಿಷ ಓಡಿ ಹ್ಯಾಂಗ್ ಆಗುತ್ತದೆ. ಲೆನ್ಸ್ ನಾನೇ ಒರೆಸಬಹುದಾ? ಊದಿದರೆ ಸಾಕಾ?

ಊದಬೇಡಿ. ಬಾಯಲ್ಲಿ ಊದಿದರೆ ಧೂಳಿನ ಜೊತೆ ಉಗುಳಿನ ಹನಿಯೂ ಹೋಗಿ ಕೂರುತ್ತದೆ. ನಿಮ್ಮ ಕೇಸಿನಲ್ಲಿ ಖಾರದ ಪುಡಿ ವಾಪಸ್ ಕಣ್ಣಿಗೆ ಬರೋದು ಬೇರೆ!

ಒರೆಸಬಹುದು, ಕಷ್ಟದ ಕೆಲಸವಲ್ಲ. ತೆಳ್ಳಗಿನ ಮಾಡೆಲ್ ಆದರೆ ಮುಚ್ಚಳ ತೆಗೆದ ತಕ್ಷಣ ಲೆನ್ಸ್ ಕಾಣುತ್ತದೆ. ಮೊದಲು ವೈರ್ ಗೋಡೆಯಿಂದ ಕಿತ್ತುಬಿಡಿ. ಮೊಬೈಲ್ ರಿಪೇರಿ ಅಂಗಡಿಯವರು ಬೋರ್ಡ್ ತೊಳೆಯೋಕೆ ಇಟ್ಟುಕೊಂಡಿರುತ್ತಾರಲ್ಲ, ಐಸೋಪ್ರೊಪೈಲ್ ಆಲ್ಕೋಹಾಲ್, ಐಪಿಎ ಅಂದರೂ ಕೊಡುತ್ತಾರೆ, ಅದನ್ನು ಇಯರ್ ಬಡ್ಸ್ ತುದಿಗೆ ಒಂದೇ ಹನಿ ಹಾಕಿ. ತುದಿ ಒದ್ದೆಯಾಗಬೇಕು, ತೊಟ್ಟಿಕ್ಕಬಾರದು. ಲೆನ್ಸ್ ಅಂದರೆ ಕಡಲೆಬೇಳೆಗಿಂತ ಸಣ್ಣ ಗಾಜಿನಂಥ ಗುಂಡಿ, ಕೂದಲಿನಂಥ ತಂತಿಗಳ ಮೇಲೆ ತೂಗಾಡುತ್ತಾ ನಿಂತಿರುತ್ತದೆ, ಮುಟ್ಟಿದರೆ ಒಳಗೆ ಕುಸಿದು ಮತ್ತೆ ಮೇಲೆ ಬರುತ್ತದೆ. ಅದು ಸಹಜ, ಮುರಿಯಿತು ಅಂತ ಹೆದರಬೇಡಿ, ಹಾಗಂತ ಒತ್ತಲೂಬೇಡಿ. ಬಡ್ಸಿನ ಭಾರ ಬಿಟ್ಟರೆ ಬೇರೆ ಒತ್ತಡ ಬೀಳಬಾರದು. ಎರಡು ಸುತ್ತು ಒರೆಸಿ, ಒಣ ಬಡ್ಸಿನಿಂದ ಇನ್ನೊಂದು ಸುತ್ತು. ಕೊನೆಗೆ ಬೆಳಕು ಓರೆಯಾಗಿ ಬೀಳುವ ಹಾಗೆ ತಲೆ ಬಗ್ಗಿಸಿ ನೋಡಿ. ಸ್ವಚ್ಛ ಲೆನ್ಸ್ ಸಣ್ಣಗೆ ನೀಲಿ-ನೇರಳೆ ಹೊಳೆಯುತ್ತದೆ, ಕೊಳೆ ಇದ್ದರೆ ಮೇಲೆ ಬೂದು ಪೊರೆ ಕಾಣುತ್ತದೆ. ಮುಚ್ಚಳ ಹಾಕೋ ಮೊದಲು ಹತ್ತು ನಿಮಿಷ ಒಣಗಲು ಬಿಡಿ. ಸ್ಯಾನಿಟೈಜರ್, ಸೆಂಟ್, ಕೊಬ್ಬರಿ ಎಣ್ಣೆ (ಒಬ್ಬರು ನಿಜವಾಗಿಯೂ ಕೇಳಿದ್ದಾರೆ) ಇವು ಯಾವುವೂ ಬೇಡ. ಒಣಗಿದ ಮೇಲೆ ಪೊರೆ ಬಿಡುತ್ತವೆ.

ದಪ್ಪ ಮಾಡೆಲ್ ಆದರೆ ಲೆನ್ಸ್ ಸಿಗಬೇಕಂದರೆ ಪೂರ್ತಿ ಡಬ್ಬಿಯನ್ನೇ ಬಿಚ್ಚಬೇಕು, ಕರೆಂಟ್ ಬೋರ್ಡೂ ಒಳಗೇ ಇದೆ. ವೈರ್ ಕಿತ್ತ ಮೇಲೂ ಅದರಲ್ಲಿ ಸ್ವಲ್ಪ ಹೊತ್ತು ಕರೆಂಟ್ ಉಳಿದಿರುತ್ತದೆ. ಅಭ್ಯಾಸ ಇಲ್ಲದವರು ಕೈ ಹಾಕಬೇಡಿ.

ನಿಮ್ಮ ಮನೆಯಲ್ಲಿ ಇದು ಒಮ್ಮೆ ಮಾಡಿ ಮುಗಿಯೋ ಕೆಲಸ ಅಲ್ಲ. ಆಡದೇ ಇದ್ದಾಗ ಮಷೀನ್ ಮೇಲೆ ಬಟ್ಟೆ ಹೊದಿಸಿ, ಆಡುವಾಗ ಮರೆಯದೆ ತೆಗೆಯಿರಿ, ಇಲ್ಲದಿದ್ದರೆ ಬಿಸಿಗಾಳಿ ಹೊರಗೆ ಹೋಗಲ್ಲ.

ಬೆಟಗೇರಿ, ಗದಗದಿಂದ: ನನ್ನ ಡಿಸ್ಕ್‌ಗಳ ಮೇಲೆ ಕಂಪಾಸಿನಲ್ಲಿ ಎಳೆದ ಹಾಗೆ ದುಂಡಗೆ ಗೀರು ಬೀಳುತ್ತಿದೆ. ಮೂರು ಡಿಸ್ಕ್ ಹಾಳಾದವು, ಎಲ್ಲದರಲ್ಲೂ ಒಂದೇ ಜಾಗ. ತಂಗಿ ಮಷೀನ್ ಅಲ್ಲಾಡಿಸಿದಳು ಅಂತ ಬೈದೆ, ಅವಳು ಮುಟ್ಟೇ ಇಲ್ಲ ಅಂತಾಳೆ.

ತಂಗಿಗೆ ಸಾರಿ ಹೇಳಿ ತಮ್ಮಾ. ಡಿಸ್ಕ್ ತಿರುಗುವಾಗ ಮಷೀನ್ ಅಲುಗಿದರೂ ದುಂಡು ಗೀರು ಬೀಳುತ್ತದೆ ನಿಜ, ಆದರೆ ಮೂರು ಡಿಸ್ಕಿನಲ್ಲೂ ಒಂದೇ ಜಾಗ ಅಂದರೆ ಒಳಗೇ ಏನೋ ತಾಗುತ್ತಿದೆ. ತೆಳ್ಳಗಿನ ಪಿಎಸ್ 2ರ ಮೊದಮೊದಲ ಮಾಡೆಲ್‌ಗಳಲ್ಲಿ ಇದು ಎಲ್ಲರಿಗೂ ಗೊತ್ತಿರೋ ಕಾಯಿಲೆ. ಲೆನ್ಸಿಗೆ ಹೋಗೋ ಚಪ್ಪಟೆ ರಿಬ್ಬನ್ ಕೇಬಲ್ ವರ್ಷ ಕಳೆದಂತೆ ಬಾಗಿ ಮೇಲೆದ್ದು ಡಿಸ್ಕಿನ ತಳಕ್ಕೆ ಉಜ್ಜುತ್ತದೆ.

ಕರೆಂಟ್ ತೆಗೆದು, ಮುಚ್ಚಳ ತೆರೆದು, ಕಣ್ಣನ್ನು ಮಷೀನಿನ ಮಟ್ಟಕ್ಕೆ ತಂದು ಅಡ್ಡದಿಂದ ನೋಡಿ. ಲೆನ್ಸ್ ಓಡಾಡೋ ಸೀಳಿನಲ್ಲಿ ಕೇಬಲ್ ಬಿಲ್ಲಿನ ಹಾಗೆ ಎದ್ದಿದೆಯಾ, ಅದರ ಬೆನ್ನು ಒಂದು ಕಡೆ ನಯವಾಗಿ ಸವೆದು ಹೊಳೆಯುತ್ತಿದೆಯಾ? ಹಾಗಿದ್ದರೆ ಸಿಕ್ಕಿತು ಕಳ್ಳ. ಕೇಬಲ್ ಕೆಳಗೆ ಕೂರುವ ಹಾಗೆ ಒಳಗಡೆ ತೆಳು ಟೇಪಿನಿಂದ ಅಂಟಿಸುತ್ತಾರೆ. ಲೆನ್ಸ್ ಈ ತುದಿಯಿಂದ ಆ ತುದಿವರೆಗೆ ಹೋಗುವಷ್ಟು ಸಡಿಲ ಬಿಟ್ಟಿರಬೇಕು, ಅದೇ ಇದರಲ್ಲಿ ನಾಜೂಕಿನ ಕೆಲಸ. ಅಲ್ಲಿವರೆಗೆ ಅದರಲ್ಲಿ ಒಳ್ಳೆ ಡಿಸ್ಕ್ ಹಾಕಲೇಬೇಡಿ.

ದುಂಡು ಗೀರು ಯಾಕೆ ಅಷ್ಟು ಕೆಟ್ಟದ್ದು ಅಂತಲೂ ಹೇಳಿಬಿಡುತ್ತೇನೆ. ಡಿಸ್ಕಿನಲ್ಲಿ ಮಾಹಿತಿ ಒಳಗಿನಿಂದ ಹೊರಗೆ ಸುರುಳಿಯಾಗಿ, ಸಾಲು ಸಾಲಾಗಿ ಬರೆದಿರುತ್ತದೆ. ಜೋಳದ ಹೊಲದಲ್ಲಿ ಸಾಲುಗಳಿಗೆ ಅಡ್ಡ ಒಂದು ಕಾಲುದಾರಿ ಬಿದ್ದರೆ ಪ್ರತಿ ಸಾಲಿನಲ್ಲಿ ಒಂದೆರಡು ದಂಟು ಹೋಗುತ್ತವೆ ಅಷ್ಟೇ, ದನ ಸಾಲಿನುದ್ದಕ್ಕೂ ನಡೆದುಹೋದರೆ ಆ ಸಾಲಿನಲ್ಲಿ ಏನೂ ಉಳಿಯಲ್ಲ. ಡಿಸ್ಕಿನಲ್ಲಿ ಅಲ್ಲಲ್ಲಿ ಒಂದು ಚೂರು ಕಾಣದಿದ್ದರೆ ಮಷೀನ್ ಲೆಕ್ಕ ಹಾಕಿ ಅದನ್ನು ತುಂಬಿಕೊಳ್ಳುತ್ತದೆ, ಆ ಏರ್ಪಾಡು ಸಿಡಿ, ಡಿವಿಡಿ ಎರಡರಲ್ಲೂ ಇದೆ. ಆದರೆ ಉದ್ದಕ್ಕೆ ಒಂದೇ ಸಮನೆ ಹೋಗಿಬಿಟ್ಟರೆ ತುಂಬಿಕೊಳ್ಳೋಕೆ ಆಗಲ್ಲ. ಡಿಸ್ಕನ್ನು ದುಂಡಗೆ ಒರೆಸಬಾರದು, ನಡುವಿನಿಂದ ಅಂಚಿಗೆ ನೇರವಾಗಿ ಒರೆಸಬೇಕು ಅನ್ನೋದು ಇದಕ್ಕೇ.

ಸಪ್ತಾಪುರ, ಧಾರವಾಡದಿಂದ: ಗೀರು ಬಿದ್ದ ಡಿಸ್ಕಿಗೆ ಟೂತ್‌ಪೇಸ್ಟ್ ಹಚ್ಚಿದರೆ ಸರಿಹೋಗುತ್ತೆ ಅಂತ ರೂಮ್‌ಮೇಟ್ ಹೇಳ್ತಾನೆ. ನಿಜವಾ?

ಅರ್ಧ ನಿಜ. ಬಿಳಿ ಪೇಸ್ಟಿನಲ್ಲಿ ಹಲ್ಲು ಉಜ್ಜೋಕೆ ನುಣ್ಣನೆ ಪುಡಿ ಇರುತ್ತದೆ, ಅದು ಪ್ಲಾಸ್ಟಿಕ್ಕನ್ನು ಸ್ವಲ್ಪ ಸ್ವಲ್ಪ ಸವೆಸಿ ಗೀರಿನ ಅಂಚನ್ನು ನಯ ಮಾಡುತ್ತದೆ. ಗೀರು ತುಂಬಲ್ಲ. ಉಗುರು ಆಡಿಸಿ ನೋಡಿ. ಉಗುರು ಸಿಕ್ಕಿಕೊಂಡರೆ ಗೀರು ಆಳವಾಗಿದೆ, ಪೇಸ್ಟ್ ದಂಡ. ಸಿಕ್ಕಿಕೊಳ್ಳದಿದ್ದರೆ ಪ್ರಯತ್ನ ಮಾಡಬಹುದು, ಆದರೆ ಅದಕ್ಕೂ ಮೊದಲು ಪಾತ್ರೆ ತೊಳೆಯೋ ಲಿಕ್ವಿಡ್ ಒಂದು ಹನಿ, ತಣ್ಣೀರು, ಬೆರಳು, ಇಷ್ಟರಲ್ಲಿ ತೊಳೆದು, ಹಳೆ ಧೋತರದ ಮೆತ್ತನೆ ತುಂಡಿನಿಂದ ಒರೆಸಿ ಹಾಕಿ ನೋಡಿ. ಗೀರು ಅಂದುಕೊಂಡಿದ್ದು ಬರೀ ಬೆರಳಿನ ಜಿಡ್ಡು ಆಗಿರೋದೇ ಜಾಸ್ತಿ, ಅದರಲ್ಲೂ ಗಿರ್ಮಿಟ್ ತಿನ್ನುತ್ತಾ ಗೇಮ್ ಆಡೋ ರೂಮುಗಳಲ್ಲಿ. ಅದಕ್ಕೂ ಬಗ್ಗದಿದ್ದರೆ ಬಿಳಿ ಪೇಸ್ಟ್ (ಜೆಲ್ ಅಲ್ಲ), ನಡುವಿನಿಂದ ಅಂಚಿಗೆ, ಹಗುರವಾಗಿ. ಹೋದರೆ ಹೋಗಲಿ ಅನ್ನೋ ಡಿಸ್ಕಿಗೆ ಮಾತ್ರ. ನಿಮ್ಮಲ್ಲಿ ಯಾರ ಹತ್ತಿರವಾದರೂ 2009ರ 'ಹನುಮಾನ್: ಬಾಯ್ ವಾರಿಯರ್' ಇದ್ದರೆ ಅದಕ್ಕಂತೂ ಪೇಸ್ಟ್ ತಾಗಿಸಬೇಡಿ. ಪಿಎಸ್ 2ಗೆ ನಮ್ಮ ದೇಶದಲ್ಲೇ ತಯಾರಾದ ಮೊದಲ ಗೇಮ್ ಅದು, ಹೈದರಾಬಾದಿನವರು ಮಾಡಿದ್ದು. ಆಟ ಹೇಗಿತ್ತು ಅಂತ ಮಾತ್ರ ಕೇಳಬೇಡಿ.

ಇನ್ನೊಂದು. ಪಿಎಸ್ 3 ಮತ್ತು ಆಮೇಲಿನವು ಬ್ಲೂ-ರೇ. ಅದರಲ್ಲಿ ಮಾಹಿತಿ ತಳದಿಂದ ಬರೀ 0.1 ಮಿಲಿಮೀಟರ್ ಒಳಗಿದೆ, ಆ ತಳಕ್ಕೊಂದು ಗಟ್ಟಿ ಲೇಪ ಇದೆ. ಪೇಸ್ಟ್ ಹಚ್ಚಿ ಆ ಲೇಪ ತೆಗೆದರೆ ಡಿಸ್ಕನ್ನು ನೀವೇ ಕೊಂದ ಹಾಗೆ.

ರಾಣೆಬೆನ್ನೂರಿನಿಂದ: 'ಗಾಡ್ ಆಫ್ ವಾರ್ 2' ಡಿಸ್ಕ್ ಶುರುವೇ ಆಗುತ್ತಿಲ್ಲ, ಉಳಿದ ಗೇಮ್ ಎಲ್ಲಾ ಸರಿ. ಇನ್ನೊಂದು ಗೇಮ್ ಮಾತ್ರ ಪ್ರತಿ ಸಲವೂ ಒಂದೇ ಸೀನ್ ಹತ್ತಿರ ನಿಲ್ಲುತ್ತದೆ. ಎರಡಕ್ಕೂ ಒಂದೇ ಕಾರಣವಾ?

ಬೇರೆ ಬೇರೆ. ಒಂದೇ ಸೀನಿನಲ್ಲಿ ಪ್ರತಿ ಸಲ ನಿಂತರೆ ಡಿಸ್ಕಿನಲ್ಲಿ ಆ ಸೀನ್ ಬರೆದಿರೋ ಜಾಗಕ್ಕೇ ಏಟು ಬಿದ್ದಿದೆ. ಮಷೀನಿನ ತಪ್ಪಾಗಿದ್ದರೆ ಇವತ್ತು ಇಲ್ಲಿ, ನಾಳೆ ಅಲ್ಲಿ ನಿಲ್ಲುತ್ತಿತ್ತು. ಅದನ್ನು ಒರೆಸಿ ನೋಡಿ.

ಮೊದಲನೆಯದು ಎರಡು ಪದರದ ಡಿವಿಡಿ. ಮಾಮೂಲಿ ಡಿವಿಡಿಯಲ್ಲಿ 4.7 ಜಿಬಿ ಹಿಡಿದರೆ ಇದರಲ್ಲಿ 8.5 ಜಿಬಿ ಹಿಡಿಯುತ್ತದೆ, ಪದರದ ಮೇಲೊಂದು ಪದರ. ಲೇಸರ್ ಒಂದನ್ನು ದಾಟಿ ಇನ್ನೊಂದನ್ನು ನೋಡಬೇಕು, ವಾಪಸ್ ಬರೋ ಬೆಳಕೂ ಕಡಿಮೆ. ವಯಸ್ಸಾದ ಲೇಸರ್ ಇಂಥ ಡಿಸ್ಕಿನಲ್ಲೇ ಮೊದಲು ಕೈಚೆಲ್ಲುತ್ತದೆ. ಲೆನ್ಸ್ ಒರೆಸಿ, ಆದರೂ ಆಗದಿದ್ದರೆ ಈ ಡಿಸ್ಕನ್ನು ಬೇರೆ ಮಷೀನಿನಲ್ಲಿ ಹಾಕಿ ನೋಡಿ. ಅಲ್ಲಿ ಓಡಿದರೆ ನಿಮ್ಮ ಲೆನ್ಸಿಗೆ ವಯಸ್ಸಾಗಿದೆ ಅಂತ ಅರ್ಥ, ಉಳಿದ ಗೇಮ್ ಓಡೋವರೆಗೆ ಆಡಿಕೊಂಡಿರಿ.

ಹಳೇ ಹುಬ್ಬಳ್ಳಿಯಿಂದ: ಅಂಗಡಿಯಲ್ಲಿ ಕೊಟ್ಟಾಗ ಒಳಗೆ ಯಾವುದೋ ಸಣ್ಣ ಸ್ಕ್ರೂ ತಿರುಗಿಸಿ ಕೊಟ್ಟರು, ಎಲ್ಲಾ ಚೆನ್ನಾಗಿ ಓಡಿತು. ಈಗ ಮತ್ತೆ ಮೊದಲಿನ ಹಾಗೇ. ನಾನೇ ಇನ್ನೂ ಸ್ವಲ್ಪ ತಿರುಗಿಸಲಾ? ನನ್ನ ಹತ್ತಿರ ಇರೋದು ಹೆಚ್ಚಿನವು ಕಾಪಿ ಡಿಸ್ಕ್, ಅವು ಓಡಲಿ ಅಂತ ಮಷೀನಿಗೆ ಚಿಪ್ ಹಾಕಿದ್ದಾರೆ.

ಬೇಡ, ಕೈ ತೆಗೆಯಿರಿ. ಆ ಸ್ಕ್ರೂ ಲೇಸರಿಗೆ ಹೋಗೋ ಕರೆಂಟ್ ಹೆಚ್ಚು-ಕಡಿಮೆ ಮಾಡುತ್ತದೆ. ಜಾಸ್ತಿ ಮಾಡಿದರೆ ಸೊರಗಿದ ಲೇಸರ್ ಕೆಲವು ದಿನ ಪ್ರಖರವಾಗಿ ಉರಿದು ಡಿಸ್ಕ್ ಓದುತ್ತದೆ, ಉಳಿದ ಆಯಸ್ಸನ್ನು ಬೇಗ ಮುಗಿಸುತ್ತದೆ. ತಿರುಗಿಸಿದವರು ಅದನ್ನು ಹೇಳಿ ಮಾಡಿದ್ದರೆ ತಪ್ಪಿಲ್ಲ, ಹೇಳದೇ ರಿಪೇರಿ ಅಂತ ದುಡ್ಡು ತಗೊಂಡಿದ್ದರೆ ಅದು ಸರಿಯಲ್ಲ ಅನ್ನೋದು ನನ್ನ ಅಭಿಪ್ರಾಯ.

ಕಾಪಿ ಡಿಸ್ಕ್ ವಿಷಯಕ್ಕೆ ಬಂದರೆ, ಅದು ಕಾನೂನಿನ ಪ್ರಕಾರ ತಪ್ಪು, ಅದನ್ನು ಓಡಿಸೋ ದಾರಿ ಇಲ್ಲಿ ಹೇಳಲ್ಲ. ಆದರೆ ನಿಮ್ಮ ತೊಂದರೆಗೆ ಅದಕ್ಕೂ ಸಂಬಂಧ ಇದೆ. ಕಂಪನಿ ಡಿಸ್ಕಿನಲ್ಲಿ ಮಾಹಿತಿ ಅಚ್ಚು ಒತ್ತಿರುತ್ತಾರೆ, ಹಿಂದೆ ಅಲ್ಯೂಮಿನಿಯಂ ಹೊಳಪು. ಮನೆಯಲ್ಲಿ ಬರೆಯೋ ಡಿಸ್ಕಿನಲ್ಲಿ ಇರೋದು ಬಣ್ಣದ ಪದರ, ಬೆಳಕು ಕಡಿಮೆ ವಾಪಸ್ ಬರುತ್ತದೆ, ಬಿಸಿಲು ಸೆಕೆಗೆ ಆ ಬಣ್ಣವೂ ಮಾಸುತ್ತದೆ. ಅದು ಓಡಲಿಲ್ಲ ಅಂದರೆ ತಪ್ಪು ಡಿಸ್ಕಿಂದೋ ಲೇಸರಿಂದೋ ಯಾರಿಗೂ ಹೇಳಲಾಗದು. ಒಂದು ಕಂಪನಿ ಡಿಸ್ಕ್ ಎಲ್ಲಿಂದಾದರೂ ತಂದು ಹಾಕಿ, ಅದೂ ನಿಂತರೆ ಆಗ ಲೆನ್ಸ್ ಮಾತು ಆಡೋಣ.

ಹಾವೇರಿಯಿಂದ: ಡಿಸ್ಕ್ ತಿರುಗೋಕೆ ಶುರುವಾದ ಕೂಡಲೇ ಮಷೀನೇ ಆಫ್ ಆಗುತ್ತದೆ. ಡಿಸ್ಕ್ ಇಲ್ಲದಿದ್ದರೆ ಎಷ್ಟು ಹೊತ್ತಾದರೂ ಆನ್ ಇರುತ್ತದೆ. ಒರಿಜಿನಲ್ ಅಡಾಪ್ಟರ್ ಕಳೆದಿದೆ, ಬೇರೆ ಹಾಕಿದ್ದೇನೆ.

ಉತ್ತರ ನಿಮ್ಮ ಕೊನೆ ಸಾಲಿನಲ್ಲೇ ಇದೆ. ಡಿಸ್ಕ್ ತಿರುಗಿಸುವಾಗ ಮೋಟಾರ್ ಒಮ್ಮೆಲೇ ಜಾಸ್ತಿ ಕರೆಂಟ್ ಎಳೆಯುತ್ತದೆ, ಸಣ್ಣ ಅಡಾಪ್ಟರ್ ತಡೆಯಲ್ಲ. ಹೊರಗೆ ಅಡಾಪ್ಟರ್ ಇರೋ ತೆಳ್ಳಗಿನ ಮಾಡೆಲ್‌ಗೆ ಬೇಕಾದ್ದು 8.5 ವೋಲ್ಟ್, ಆಂಪಿಯರ್ ಎಷ್ಟು ಅಂತ ಮಷೀನಿನ ಕೆಳಗಿನ ಸ್ಟಿಕ್ಕರಿನಲ್ಲಿ ಬರೆದಿರುತ್ತದೆ, ಅದಕ್ಕಿಂತ ಕಡಿಮೆಯದ್ದು ತರಬೇಡಿ. ಸೆಟ್‌ಟಾಪ್ ಬಾಕ್ಸಿನ 12 ವೋಲ್ಟಿನದನ್ನು ಚುಚ್ಚಿ ನೋಡೋ ಧೈರ್ಯ ಅಂತೂ ಬೇಡವೇ ಬೇಡ.

ಕೇಶ್ವಾಪುರ, ಹುಬ್ಬಳ್ಳಿಯಿಂದ: ಅಮೆರಿಕದಲ್ಲಿರೋ ಅಕ್ಕ ಹಳೆ ಗೇಮ್ ಡಿಸ್ಕ್ ತಂದುಕೊಟ್ಟಳು. ಹಾಕಿದರೆ ಕೆಂಪು ಸ್ಕ್ರೀನ್ ಬಂದು ಪ್ಲೇಸ್ಟೇಷನ್ ಡಿಸ್ಕ್ ಹಾಕಿ ಅನ್ನುತ್ತದೆ! ಇನ್ನೊಂದು, ಹೊಸ ಟಿವಿಯಲ್ಲಿ ಚಿತ್ರ ಕಪ್ಪು-ಬಿಳುಪು ಬರುತ್ತಿದೆ.

ಡಿಸ್ಕೂ ಸರಿ, ಮಷೀನೂ ಸರಿ, ದೇಶ ಬೇರೆ. ನಮ್ಮಲ್ಲಿ ಮಾರಿದ್ದು ಪಾಲ್ (ನಮ್ಮ ದೇಶ, ಯುರೋಪ್ ಕಡೆಯ ಟಿವಿ ಪದ್ಧತಿ) ಮಷೀನ್, ಅಮೆರಿಕದ ಡಿಸ್ಕನ್ನು ಅದು ತನ್ನದಲ್ಲ ಅನ್ನುತ್ತದೆ. ಡಿಸ್ಕಿನ ಮೇಲಿನ ಕೋಡ್ ನೋಡಿ. ಎಸ್‌ಎಲ್‌ಇಎಸ್ ಅಥವಾ ಎಸ್‌ಸಿಇಎಸ್ ಇದ್ದರೆ ನಮಗೆ ಆಗುತ್ತದೆ, ಎಸ್‌ಎಲ್‌ಯುಎಸ್ ಅಥವಾ ಎಸ್‌ಸಿಯುಎಸ್ ಇದ್ದರೆ ಅಮೆರಿಕದ್ದು. ಅಕ್ಕ ಮುಂದಿನ ಸಲ ಬರುವಾಗ ಚಾಕ್ಲೇಟ್ ತರಲಿ.

ಟಿವಿಗೆ: ಹೊಸ ಟಿವಿಗಳಲ್ಲಿ ಹಳದಿ ಮತ್ತು ಹಸಿರು ವೈರಿಗೆ ಒಂದೇ ತೂತು ಇರೋದು ಮಾಮೂಲಿ. ಹಳದಿ ವೈರನ್ನು ಅದಕ್ಕೆ ಚುಚ್ಚಿ, ರಿಮೋಟಿನಲ್ಲಿ ಕಾಂಪೊನೆಂಟ್ ಬದಲು ಎವಿ ಆರಿಸಿ, ಬಣ್ಣ ಬರುತ್ತದೆ.

ಲಕ್ಷ್ಮೇಶ್ವರದಿಂದ: ಪಿಎಸ್ 1 ಗೇಮ್ ಪಿಎಸ್ 2ರಲ್ಲಿ ಓಡುತ್ತದೆ, ಸೇವ್ ಮಾತ್ರ ಆಗಲ್ಲ. ಪಿಎಸ್ 2ರ 8 ಎಂಬಿ ಮೆಮೊರಿ ಕಾರ್ಡ್ ಖಾಲಿಯೇ ಇದೆ. ಮತ್ತೆ ಈ ಮಷೀನ್ ಸತ್ತರೆ ಡಿಸ್ಕ್ ಎಲ್ಲಿ ಹಾಕಲಿ?

ಪಿಎಸ್ 1 ಗೇಮ್ ಸೇವ್ ಆಗೋದು ಪಿಎಸ್ 1ರ ಮೆಮೊರಿ ಕಾರ್ಡಿಗೆ ಮಾತ್ರ. ಅದೇ ಸ್ಲಾಟಿಗೆ ಹಾಕಬಹುದು, ಒಂದು ಹುಡುಕಿ ತನ್ನಿ. ಎರಡನೇ ಪ್ರಶ್ನೆಗೆ: ಪಿಎಸ್ 1 ಡಿಸ್ಕ್ ಎಲ್ಲಾ ಪಿಎಸ್ 3ರಲ್ಲೂ ಓಡುತ್ತದೆ, ಪಿಎಸ್ 2 ಡಿಸ್ಕ್ ಮೊದಮೊದಲ ಕೆಲವು ಪಿಎಸ್ 3ಗಳಲ್ಲಿ ಮಾತ್ರ. ಪಿಎಸ್ 4, ಪಿಎಸ್ 5ರಲ್ಲಿ ಎರಡೂ ಇಲ್ಲ. ಹಾಗಾಗಿ ಸೆಕೆಂಡ್ ಹ್ಯಾಂಡ್ ಪಿಎಸ್ 2 ಇನ್ನೊಂದು ತಗೊಳ್ಳೋದೇ ಅಗ್ಗದ ದಾರಿ. ತಗೊಳ್ಳುವಾಗ ನಿಮ್ಮದೇ ಡಿಸ್ಕ್ ಒಯ್ಯಿರಿ, ಎರಡು ಪದರದ್ದು ಒಂದು ಜೊತೆಗಿರಲಿ, ಅರ್ಧ ಗಂಟೆ ಅಲ್ಲೇ ಓಡಿಸಿ ನೋಡಿ. ಮಾರುವವರು ಅಷ್ಟು ಹೊತ್ತು ಕಾಯಲ್ಲ ಅಂದರೆ ಬಿಟ್ಟು ಬನ್ನಿ.

ಮುಂದಿನ ಸಂಚಿಕೆಗೆ ಪ್ರಶ್ನೆ ಕಳಿಸೋರು ಮಷೀನಿನ ಹಿಂದೆ ಅಥವಾ ಕೆಳಗೆ ಎಸ್‌ಸಿಪಿಎಚ್ ಅಂತ ಶುರುವಾಗೋ ನಂಬರ್ ಇರುತ್ತದೆ, ಅದನ್ನು ಬರೆದು ಕಳಿಸಿ. ಯಾವ ಬಣ್ಣದ ತಳದ ಡಿಸ್ಕ್ ಓಡಿತು, ಯಾವುದು ಇಲ್ಲ ಅನ್ನೋದನ್ನೂ ಬರೆಯಿರಿ. ಬರೀ 'ಡಿಸ್ಕ್ ಓದ್ತಿಲ್ಲ ಸರ್' ಅಂತ ಒಂದೇ ಸಾಲು ಬರೆದವರ ಪತ್ರಗಳನ್ನು ಈ ಸಲ ಪಕ್ಕಕ್ಕಿಟ್ಟಿದ್ದೇನೆ.